ಪುಟ್ಟಯ್ಯನವರ ಪಾರ್ಕಿನಲ್ಲಿ ಸುಮ್ಮನಾದ ಕಪ್ಪೆಗಳು

ಯಾವ ದೇವರ ಮುಂದೆ ಬೇಕಾದರೂ ಆಣೆ ಇಡಿಸಿ, ಇಲ್ಲಿ ಬರೆದದ್ದೆಲ್ಲ ನಡೆದದ್ದೇ. ಕೊಪ್ಪ ಸೀಮೆಯಲ್ಲಿ ಹೂವು ಬೆಳೆಸಿದ ಮಾಲಿಗಳು ಬೇಕಾದಷ್ಟಿದ್ದಾರೆ. ಬಾಳಗಡಿಯ ಅಂಗೈಯಗಲದ ಪಾರ್ಕಿನಲ್ಲಿ ಹೂವಿಗಿಂತ ಮೊದಲು ಕಪ್ಪೆ, ಕೇರೆಹಾವು, ಮಿಂಚುಳ್ಳಿಗಳಿಗೆ ಜಾಗ ಬಿಟ್ಟವರು ಮಾನ್ಯ ಪುಟ್ಟಯ್ಯನವರೊಬ್ಬರೇ.

ಅವರು ಸೇವೆಗೆ ಸೇರಿದಾಗ ಮೂಲೆಯ ಕೊಳ ಕಸದ ಗುಂಡಿಯಾಗಿತ್ತು. ಅದನ್ನು ತಾವೇ ತೋಡಿದರು, ದಡದ ಪೊದೆಗಳನ್ನು ಯಾರಿಗೂ ಕಡಿಯಗೊಡಲಿಲ್ಲ. ಮುಂದೆ ಕಪ್ಪೆಗಳು ಎಷ್ಟು ಹೆಚ್ಚಿದವೆಂದರೆ, ಮುಂಗಾರಿನಲ್ಲಿ ಅವು ಬಾಯಿ ತೆರೆದರೆ ಶೃಂಗೇರಿ ಬಸ್ಸಿನ ಹಾರ್ನು ಡ್ರೈವರಿಗೇ ಕೇಳುತ್ತಿರಲಿಲ್ಲ. ಕಂಡಕ್ಟರು ಕೈಸನ್ನೆಯಲ್ಲೇ ಟಿಕೆಟು ಹರಿಯುತ್ತಿದ್ದರು. ಬೆಂಚಿನಡಿ ಕೇರೆಹಾವು ಮಲಗಿದರೆ, ಪುಟ್ಟಯ್ಯನವರು ‘ಪೇಂಟು ಹಸಿಯಿದೆ’ ಎಂದು ಬೆಂಚಿಗೆ ಹಗ್ಗ ಕಟ್ಟಿ ಜನರನ್ನೂ ಹಾವನ್ನೂ ಕಾಪಾಡುತ್ತಿದ್ದರು.

೨೦೦೪ರ ಮಳೆಗಾಲದಲ್ಲಿ ಕೊಳದ ದಡದ ಅಡಿಕೆ ಮರಗಳಿಗೆ ಕೊಳೆರೋಗ ಬಂತು. ಅಡಿಕೆ ಸೀಮೆಯಲ್ಲಿ ಹುಟ್ಟಿದ ಕೈ ಸುಮ್ಮನಿದ್ದೀತೆ? ಮೈಲುತುತ್ತ, ಸುಣ್ಣ ಕಲಸಿ ಗೊನೆಗೊನೆಗೂ ಮದ್ದು ಹೊಡೆದರು, ಮಿಕ್ಕಿದ್ದನ್ನು ಬುಡಕ್ಕೆ ಸುರಿದರು. ತೋಟದಲ್ಲಾದರೆ ಅದು ಒಪ್ಪುವ ಕೆಲಸ. ಇಲ್ಲಿ ಆ ನೀಲಿ ನೀರೆಲ್ಲ ಕೊಳಕ್ಕಿಳಿಯಿತು. ಗೊದಮೊಟ್ಟೆಗಳು ಸತ್ತು ತೇಲಿದವು. ಕಪ್ಪೆಗಳು ಸುಮ್ಮನಾದವು; ಹಸಿದ ಕೇರೆಯೂ ಮಿಂಚುಳ್ಳಿಯೂ ಬೇರೆ ಕಡೆ ಹೋದವು.

ಗೇಟಿನ ಬಳಿ ಚಹಾ ಮಾರುವ ಶಾಂತಕ್ಕ ಅರಿಯದೆ ಕೆಣಕಿದರು: “ಎಂತ ಪುಟ್ಟಯ್ಯ, ನಿನ್ನ ಭಜನೆ ಮೇಳಕ್ಕೆ ಗಂಟಲು ಕಟ್ತಾ?”

“ನಾನೇ ಕಟ್ಸಿದ್ದು ಮಾರಾಯ್ತಿ. ಮರಕ್ಕೆ ಔಷಧಿ ಅಂತ ಹೊಡ್ದೆ, ಇವಕ್ಕೆ ವಿಷ ಆಯ್ತು.”

ಶಾಂತಕ್ಕ ಅಂದಿನ ಚಹಾಕ್ಕೆ ಕಾಸು ತೆಗೆದುಕೊಳ್ಳಲಿಲ್ಲ. ಅಡಿಕೆ ಮರಗಳು ಮಾತ್ರ ಸೊಂಪಾಗಿ ಉಳಿದವು. ಪುಟ್ಟಯ್ಯನವರಿಗೆ ಅವನ್ನು ಕತ್ತೆತ್ತಿ ನೋಡಲೂ ಮನಸ್ಸಾಗುತ್ತಿರಲಿಲ್ಲ. ಕೆರೆಕಟ್ಟೆಯಿಂದ ಕೊಡದಲ್ಲಿ ಗೊದಮೊಟ್ಟೆ ತಂದು ಬಿಟ್ಟರು, ಬದುಕಲಿಲ್ಲ. ವಿಷ ಕೆಸರಿನಲ್ಲೇ ಕೂತಿದೆಯೆಂದು ತಿಳಿದ ಮೇಲೆ, ಬೇಸಗೆ ಬಂದಾಗಲೆಲ್ಲ ತಳದ ಕೆಸರನ್ನು ಬುಟ್ಟಿಯಲ್ಲಿ ಹೊತ್ತು ಹೊರಹಾಕಿದರು. ನಿವೃತ್ತಿಯೊಳಗೆ ಒಮ್ಮೆ ಆ ಗದ್ದಲ ಕೇಳಬೇಕೆಂಬುದೊಂದೇ ಅವರ ಹಂಬಲ.

ಈ ವರ್ಷ, ೨೦೦೯ರಲ್ಲಿ, ಒಂದೇ ಒಂದು ಗಂಡು ಕಪ್ಪೆ ಕೂಗಿತು. ಪುಟ್ಟಯ್ಯನವರು ಕೊಡೆ ಹಿಡಿದು ದಡದಲ್ಲಿ ಕೂತೇ ಇದ್ದರು. ಅದಕ್ಕೆ ಓಗೊಡುವವರು ಯಾರೂ ಇರಲಿಲ್ಲ. ಮರುವಾರ ಅವರು ನಿವೃತ್ತರಾದರು.

ಅವರು ನೂರು ವರ್ಷ ಬಾಳಲಿ, ಸಂಬಳವಿಲ್ಲದಿದ್ದರೂ ಆ ಕೊಳವನ್ನು ನೋಡಿಕೊಂಡಿರಲಿ. ಅವರ ನಿವೃತ್ತಿಯ ಸನ್ಮಾನಕ್ಕೆ ಬರುವ ಮಹನೀಯರು ಹಾರ, ಶಾಲು ತರುವುದು ಬೇಡ. ನಿಮ್ಮ ಗದ್ದೆಬದಿಯ ಹೆಣ್ಣು ಕಪ್ಪೆಯೊಂದನ್ನು, ಅಲ್ಲಿನ ನೀರಿನ ಸಮೇತ, ಕೊಡದಲ್ಲಿ ತನ್ನಿ. ಬರಿಗೈಯಲ್ಲಿ ಬಂದವರಿಗೆ ಭಾಷಣ ಪೂರ್ತಿ ಉಂಟು, ಹೋಳಿಗೆ ಇಲ್ಲ.