ಕಡವಿನಲ್ಲಿ ನಿಂತವರು

ಆಗೆಲ್ಲ ನಮ್ಮ ಕೊಪ್ಪದಲ್ಲಿ ಇಂಟರ್ನೆಟ್ ಮನೆಗೆ ಬಂದಿರಲಿಲ್ಲ. ನಾವೇ ಅದರ ಹತ್ತಿರ ಹೋಗಬೇಕಿತ್ತು. ಬಸ್ ಸ್ಟ್ಯಾಂಡಿನ ಪಕ್ಕ, ಬೇಕರಿಯ ಮಹಡಿಯಲ್ಲಿ ಒಂದು ಸೈಬರ್ ಸೆಂಟರ್. ಪ್ಲೈವುಡ್ಡಿನ ಗೂಡುಗಳು, ಇಬ್ಬರು ಕೂತರೆ ಮೊಣಕೈ ಆಡಿಸಲೂ ಜಾಗವಿಲ್ಲ. ಕೆಳಗಿನಿಂದ ಬಿಸಿ ಬನ್ನಿನ ವಾಸನೆ. ಏಳನೇ ಕ್ಲಾಸು ಮುಗಿದ ಬೇಸಿಗೆಯಲ್ಲಿ ಪಕ್ಕದ ಮನೆಯ ಶಾರದತ್ತೆಯನ್ನು ಕೈಹಿಡಿದು ಅಲ್ಲಿಗೆ ಕರೆದೊಯ್ದವಳು ನಾನು.

ಅತ್ತೆ ಬಟ್ಟೆ ಹೊಲಿಯುತ್ತಿದ್ದವರು. ಕಣ್ಣು ಮಂಜಾಗಿ ಮೆಷಿನ್ ಬಿಟ್ಟಿದ್ದರು. ಅವರು ಕೈಗೂಸಾಗಿದ್ದಾಗಲೇ ತಾಯಿ ತೀರಿಕೊಂಡಿದ್ದರು. ಒಂದು ಫೋಟೊ ಕೂಡ ಇರಲಿಲ್ಲ. ಆದರೆ ನರಸಿಂಹರಾಜಪುರದ ಕಡೆ ಹೊಳೆಯಲ್ಲಿ ಸಿನಿಮಾ ತೆಗೆದಾಗ ತಾಯಿಯೂ ಅದರಲ್ಲಿ ಬಂದಿದ್ದರೆಂದು ಅತ್ತೆಯ ಸೋದರಮಾವ ಹೇಳಿದ್ದರು.

“ಕಡವಲ್ಲಿ ಇದ್ಲಂತೆ ಕೂಸೇ, ನನ್ನ ಎತ್ಕೊಂಡು. ಕಣ್ಣು ಪೂರ್ತಿ ಹೋಗೋದ್ರೊಳಗೆ ಒಂದ್ಸಲ ನೋಡ್ಬೇಕು.”

ಕಡವು ಎಂದರೆ ದೋಣಿ ಎಂದುಕೊಂಡೆ. ಸೇತುವೆಗಳಾದ ಮೇಲೆ ಹುಟ್ಟಿದವಳು. ಕೇಳಲೂ ಇಲ್ಲ.

ಸಿನಿಮಾದ ಹೆಸರು ಹೊಳೆ ಎಂದು ಶುರುವಾಗುತ್ತಿತ್ತು. ಇಂಗ್ಲಿಷ್ ಅಕ್ಷರದಲ್ಲಿ ಹೊಳೆ ಎಂದು ಒತ್ತಿದರೆ ತೂತುಗಳು ಬಂದವು: ಗೋಡೆ ಕೊರೆಯುವವರು, ಗುಂಡಿ ತೋಡುವವರು. “ಎಂತ ಬಂತೇ?” ಎಂದರು ಅತ್ತೆ. “ತೂತು,” ಎಂದೆ. “ಸರಿ ಹೋಯ್ತು. ಹೊಳೆ ಹುಡುಕಿ ಬಾವಿ ತೆಗ್ದೆ,” ಎಂದು ನಕ್ಕರು.

ನಾಲ್ಕನೇ ದಿನ, ‘ಎಲ್’ ಎರಡು ಸಲ ಒತ್ತಿದಾಗ ಸಿಕ್ಕಿತು. ಯಾರೋ ಹತ್ತತ್ತು ನಿಮಿಷದ ತುಂಡು ಮಾಡಿ ಹಾಕಿದ್ದರು. ಒಂಬತ್ತನೆಯ ತುಂಡಿನಲ್ಲಿ ಹೊಳೆ. ಕಪ್ಪು ಬಿಳುಪು, ನಿಂತು ನಿಂತು ಚಲಿಸುತ್ತಿತ್ತು. ಅತ್ತೆ ಪರದೆಗೆ ಮೂಗು ತಾಗಿಸಿದರೂ ಅವರಿಗೆ ಆಕಾರವಷ್ಟೇ ಕಂಡಿತು. “ನೀನೇ ಹೇಳು,” ಎಂದರು.

ನಾನು ದೋಣಿಯನ್ನು ನೋಡಿದೆ. ಒಬ್ಬ ಹೆಂಗಸು ಕೂತಿದ್ದಳು. ಕಂಕುಳಲ್ಲಿದ್ದದ್ದು ಮಗುವೋ ಗಂಟೋ ತಿಳಿಯಲಿಲ್ಲ. ಮಗು ಎಂದೆ.

“ಮುಖ ಹೇಗಿದೆ?”

“ನಗ್ತಿದ್ದಾರೆ ಅತ್ತೆ.”

“ನಗ್ತಿದಾಳಾ,” ಎಂದು ಅವರು ನನ್ನ ಮಣಿಕಟ್ಟು ಹಿಡಿದರು.

ಆಮೇಲೆ ವಾರಕ್ಕೊಮ್ಮೆ ಹೋದೆವು. ಪ್ರತಿಸಲವೂ ಅದೇ ಗೂಡು, ಅದೇ ಪ್ರಶ್ನೆ. ಅತ್ತೆ ಕೇರಿಗೆಲ್ಲ ಹೇಳಿದ್ದರು. ಗಂಟಿರಬಹುದು ಎಂದು ಹೇಳಲು ಎರಡು ಸಲ ಬಾಯಿ ತೆರೆದದ್ದು ನೆನಪಿದೆ, ಹೇಳಲಿಲ್ಲ.

ಒಂದು ಬೆಳಿಗ್ಗೆ ಸೋದರಮಾವನಿಗೆ ಸುದ್ದಿ ಹೇಳಲು ನರಸಿಂಹರಾಜಪುರದ ಬಸ್ ಹತ್ತಿದೆವು. ಕಾಲಿಡಲು ಜಾಗವಿಲ್ಲ, ಯಾರೋ ಎದ್ದು ಅತ್ತೆಗೆ ಸೀಟು ಬಿಟ್ಟರು. ದಾರಿಯಲ್ಲಿ ಕಂಡಕ್ಟರ್ ಕೂಗಿದ: “ಕಡವು, ಕಡವು ಇಳೀರಿ.” ಕಿಟಕಿಯಾಚೆ ದೋಣಿಯಿರಲಿಲ್ಲ. ಹೊಳೆಗೆ ಇಳಿಯುವ ನಾಲ್ಕು ಕಲ್ಲುಮೆಟ್ಟಿಲು.

“ದೋಣಿ ಎಲ್ಲಿ?” ಎಂದು ನನ್ನ ಬಾಯಿಂದ ಬಂತು.

“ಕಡವು ಅಂದ್ರೆ ದೋಣಿ ಅಲ್ಲ ಮಾರಾಯ್ತಿ, ದೋಣಿ ಕಾಯೋ ದಡ. ಸೇತುವೆ ಆದ್ಮೇಲೆ ಹೆಸರೊಂದೇ ಉಳಿದಿದ್ದು,” ಎಂದ ಕಂಡಕ್ಟರ್.

ಪಕ್ಕದಲ್ಲಿದ್ದ ಅತ್ತೆ ನನ್ನ ಕಡೆ ತಿರುಗಿದರು.

“ಹಾಗಾದ್ರೆ ನೀನು ಯಾರನ್ನ ನೋಡ್ದೆ ಕೂಸೇ?”

ಅತ್ತೆ ಎದ್ದರು. ಅಲ್ಲೇ ಇಳಿದು, ತಿರುಗು ಬಸ್ಸಿಗೆ ಕಾಯುತ್ತ ಆ ಮೆಟ್ಟಿಲ ಮೇಲೆ ಕೂತೆವು. ಅವರು ಬಯ್ಯಲಿಲ್ಲ. ಬಯ್ದಿದ್ದರೆ ಎದ್ದು ಓಡಬಹುದಿತ್ತು.

ಕೊಪ್ಪದಲ್ಲಿ ಇಳಿದವರೇ ಮಹಡಿ ಹತ್ತಿದೆವು. ಒಂಬತ್ತನೆಯ ತುಂಡಿನ ಜಾಗದಲ್ಲಿ ಕಪ್ಪು ಚೌಕ, ಅದರೊಳಗೆ ವಿಡಿಯೊ ತೆಗೆದುಹಾಕಲಾಗಿದೆ ಎಂಬ ಒಂದು ಸಾಲು. ಉಳಿದ ತುಂಡುಗಳೂ ಇರಲಿಲ್ಲ. ಆ ದೃಶ್ಯದಲ್ಲಿ ದಡದ ಮೇಲೂ ಜನ ನಿಂತಿದ್ದರು, ಅಷ್ಟು ನೆನಪಿದೆ. ಒಬ್ಬರ ಮುಖವನ್ನೂ ನಾನು ನೋಡಿರಲಿಲ್ಲ.

ಬೇಕರಿಯ ಮಹಡಿಯಲ್ಲಿ ಈಗ ಮೊಬೈಲ್ ಅಂಗಡಿ. ಕೈಯಲ್ಲೇ ಫೋನಿದೆ, ಹೊಳೆ ಎಂದು ಕನ್ನಡದಲ್ಲೇ ಬರೆಯಬಹುದು, ತೂತುಗಳು ಬರುವುದಿಲ್ಲ. ಆ ಸಿನಿಮಾವೂ ಬರುವುದಿಲ್ಲ. ಆದರೂ ಹುಡುಕುತ್ತೇನೆ. ಅತ್ತೆಗೆ ಈಗ ಬೆಳಕೂ ಕಾಣುವುದಿಲ್ಲ. ಒಂದು ದಿನ ಅದು ಸಿಕ್ಕರೂ, ಅವರು ಮತ್ತೆ ನನ್ನ ಮಾತನ್ನೇ ನಂಬಬೇಕು.