ಕಾಪಿ ಇಟ್ಕೋಬೇಡಿ ಅಂಕಲ್

“ಅಂಕಲ್, ಕಾಪಿ ಇಟ್ಕೋಬೇಡಿ. ನನ್ ಮುಂದೇನೇ ಡಿಲೀಟ್ ಮಾಡ್ಬಿಡಿ, ಪ್ಲೀಸ್” ಎನ್ನುತ್ತಾ ಆ ಹುಡುಗಿ ನನ್ನ ಮೇಜಿನ ಅಂಚನ್ನು ಗಟ್ಟಿಯಾಗಿ ಹಿಡಿದುಕೊಂಡಳು. ಕೋಗಿಲು ಬಡಾವಣೆಯಲ್ಲಿರುವ ನನ್ನ ಫೋಟೋ ಸ್ಟುಡಿಯೋಗೆ, ಹತ್ತನೇ ಕ್ಲಾಸಿನ ಪರೀಕ್ಷೆಗೆ ಬೇಕಾದ ಪಾಸ್‌ಪೋರ್ಟ್ ಫೋಟೋ ತೆಗೆಸಲು ತಾಯಿಯ ಜೊತೆ ಬಂದವಳು. ಪ್ರಿಂಟ್ ಕೊಡುವಾಗ ನಾನು ಎಲ್ಲರಿಗೂ ಹೇಳುವಂತೆ, “ಫೋಟೋ ನಮ್ ಕಂಪ್ಯೂಟರಲ್ಲೇ ಇರುತ್ತಮ್ಮ, ಮತ್ತೆ ಯಾವಾಗ್ ಬೇಕಾದ್ರೂ ಬನ್ನಿ” ಎಂದಿದ್ದೆ. ಗಿರಾಕಿಗಳು ಮೆಚ್ಚುವ ಮಾತದು. ಅವಳ ಮುಖ ಮಾತ್ರ ಬಿಳಚಿಕೊಂಡಿತ್ತು.

ತಾಯಿ ಪಕ್ಕಕ್ಕೆ ಬಂದು ತಗ್ಗಿದ ದನಿಯಲ್ಲಿ ಹೇಳಿದರು. ಮಗಳ ಹುಟ್ಟುಹಬ್ಬದ ಫೋಟೋದಿಂದ ಯಾರೋ ಮುಖವನ್ನಷ್ಟೇ ತೆಗೆದುಕೊಂಡು, ಅಸಹ್ಯವಾದ ಚಿತ್ರ ಮಾಡಿ ಮೊಬೈಲುಗಳಲ್ಲಿ ಹರಿಬಿಟ್ಟಿದ್ದರಂತೆ. ಪೊಲೀಸರಿಗೆ ದೂರು ಕೊಟ್ಟಿದ್ದಾರಂತೆ. “ತಪ್ಪು ಮಾಡ್ದೋನು ಯಾವನೋ. ಇವ್ಳು ಕನ್ನಡಿ ನೋಡ್ಕೊಳ್ಳೋದೂ ಬಿಟ್ಬಿಟ್ಳು ಕಣಣ್ಣ” ಎಂದು ಕಣ್ಣೊರೆಸಿಕೊಂಡರು.

ನಾನು ಮಾನಿಟರನ್ನು ಹುಡುಗಿಯ ಕಡೆ ತಿರುಗಿಸಿ, “ನೀನೇ ಒತ್ತಮ್ಮ” ಎಂದು ಮೌಸನ್ನು ಅವಳತ್ತ ಸರಿಸಿದೆ. ಫೋಟೋ ಕಂಪ್ಯೂಟರಿನಿಂದ ಹೋಯಿತು, ಕ್ಯಾಮೆರಾದಿಂದಲೂ ಹೋಯಿತು. ಖಾಲಿ ಪರದೆಯನ್ನೇ ನೋಡುತ್ತಾ ಅವಳು ಕೇಳಿದಳು: “ಎಲ್ಲಾ ಕಡೆಯಿಂದಾನೂ ಹೋಯ್ತಾ ಅಂಕಲ್?”

“ಇಲ್ಲಿಂದ ಹೋಯ್ತಮ್ಮ” ಎಂದೆ. ಅಷ್ಟನ್ನು ಮಾತ್ರ ನಾನು ಹೇಳಬಹುದಿತ್ತು. ಆಮೇಲಿಂದ ಯಾರ ಫೋಟೋ ತೆಗೆದರೂ, ಇಟ್ಟುಕೊಳ್ಳಲೇ ಎಂದು ಮೊದಲು ಕೇಳುತ್ತೇನೆ. ಜನ ನಗುತ್ತಾರೆ. “ಇಟ್ಕೊಳ್ಳಿ ಬಿಡಿ, ಒಂದ್ ಫೋಟೋದಿಂದ ಏನಾಗುತ್ತೆ?” ಎನ್ನುತ್ತಾರೆ.