ಒಡೆಯರು ಕೇಳಿದ ಕದಿರು

ನಮ್ಮ ಉಪ್ಪುನೆಲದಲ್ಲಿ ಬೆಳೆಯುವ ಕಗ್ಗ ಭತ್ತದ ಹೊಸ ಅಕ್ಕಿ ಬೇಯುವ ಪರಿಮಳ ಬೆಳಿಗ್ಗೆಯಿಂದ ಮನೆಯಲ್ಲೆಲ್ಲ ತುಂಬಿದೆ. ಇವತ್ತು ನನ್ನ ಮೊಮ್ಮಗಳಿಗೆ ಮೊದಲ ಅನ್ನ! ಒಂದು ತುತ್ತು ಉಗಿದಳು, ಮರುಕ್ಷಣ ಇನ್ನೊಂದಕ್ಕೆ ಬಾಯಿ ತೆರೆದಳು. ನಗುತ್ತ ನಗುತ್ತ ನನ್ನ ಕಣ್ಣಲ್ಲಿ ನೀರು ಬಂತು. ಆ ಪರಿಮಳಕ್ಕೋ ಏನೋ, ನಮ್ಮ ಒಡೆಯರು ನೆನಪಾದರು...

ನಮ್ಮೂರು ಕಾಗಾಲದ ಗಜನಿ, ಎಂದರೆ ಹೊಳೆಯ ಉಪ್ಪುನೀರು ಏರಿ ಇಳಿಯುವ ಗದ್ದೆಗಳೆಲ್ಲ, ಒಂದು ಕಾಲಕ್ಕೆ ಅವರದೇ. ನಾವು ಗೇಣಿಗೆ ಮಾಡುವವರು. ಹೊಸತಿನ ಹಬ್ಬಕ್ಕೆ ಮೊದಲ ಕದಿರು ಅವರ ಬಾಗಿಲಿಗೆ ಕಟ್ಟಿದ ಮೇಲೆಯೇ ನಮ್ಮ ಬಾಗಿಲಿಗೆ. ಒಯ್ದು ಅವರ ಅಂಗಳದಲ್ಲಿ ನೆಲದ ಮೇಲಿಟ್ಟು ಹಿಂದೆ ಸರಿಯಬೇಕು. ಕೈಗೆ ಕೊಡುವ ಹಾಗಿರಲಿಲ್ಲ.

ನಾನು ಮದುವೆಯಾಗಿ ಬಂದ ವರ್ಷವೇ ಕಾನೂನು ಬಂದು, ಗದ್ದೆ ಉಳುವವರದಾಯಿತು. ಇನ್ನು ಒಂದು ಕಾಳೂ ಆ ಅಂಗಳಕ್ಕೆ ಹೋಗಕೂಡದು ಎಂದು ಮಾವ ತಾಕೀತು ಮಾಡಿದರು. ಕೊಟ್ಟರೆ ಗೇಣಿ ಕೊಟ್ಟ ಹಾಗೆ, ಸಿಕ್ಕಿದ ಗದ್ದೆ ಕೈತಪ್ಪೀತು ಎಂಬ ಹೆದರಿಕೆ ಅವರಿಗೆ.

ಆ ವರ್ಷದ ಹಬ್ಬದ ಬೆಳಿಗ್ಗೆ ನಾವು ಕದಿರು ಕೊಯ್ಯುತ್ತಿದ್ದಾಗ ಒಡೆಯರೇ ಗದ್ದೆಗೆ ಬಂದರು. ಛತ್ರಿ ಹಿಡಿಯುವ ಆಳಿಲ್ಲ. ಪಂಚೆಯ ಅಂಚಿಗೆಲ್ಲ ಕೆಸರು. ಒಡ್ಡಿನ ಮೇಲೆ ಬಂದು ನಿಂತರು...

"ಎಂತ ಒಡೆಯಾ, ಇಲ್ಲಿವರೆಗೆ?" ಅತ್ತೆ ಕೇಳಿದರು.

"ಇನ್ನೆಂತ ಒಡೆಯ ಮಾರಾಯ್ತಿ? ಈಗ ಒಡತಿ ನೀನೇ," ಎಂದು ನಕ್ಕರು. ಆ ನಗು ಹೆಚ್ಚು ಹೊತ್ತು ನಿಲ್ಲಲಿಲ್ಲ. "ನಮ್ಮನೆ ಬಾಗ್ಲು ಖಾಲಿ. ಕಟ್ಟೂಕೆ ಒಂದು ಕದ್ರು ಕೊಡ್ತ್ರಾ?"

ಮಾವ ತಲೆ ಎತ್ತಲಿಲ್ಲ. ಕತ್ತಿ ಹಿಡಿದ ಕೈ ಮಾತ್ರ ನಿಂತಿತು. ಈಗ ಬೈಯುತ್ತಾರೆ ಎಂದು ನಾನು ಸೆರಗು ಬಿಗಿಹಿಡಿದೆ. ಆದರೆ ಅವರು ಕಾಳು ತುಂಬಿದ್ದನ್ನೇ ಹುಡುಕಿ ಹುಡುಕಿ ಒಂದು ಹಿಡಿ ಕೊಯ್ದರು.

"ಗೇಣಿ ಅಲ್ಲ ಹಾಂ. ಹಬ್ಬಕ್ಕೆ."

"ಆತು ಮಾರಾಯಾ, ಹಬ್ಬಕ್ಕೇ."

ಮಾವ ಹಳೆಯ ರೂಢಿಯಂತೆ ಕದಿರನ್ನು ಒಡ್ಡಿನ ಮೇಲಿಡಲು ಬಗ್ಗಿದರು. ಅಷ್ಟರಲ್ಲಿ ಒಡೆಯರು ಎರಡೂ ಕೈ ಚಾಚಿದರು. ಮಾವನ ಕೆಸರುಕೈ ಒಡೆಯರ ಕೈಗೆ ತಾಗಿತು. ಅವರು ಒರೆಸಿಕೊಳ್ಳಲಿಲ್ಲ.

ಮುಂದೆ ಒಂದೆರಡು ಹಬ್ಬ ಹಾಗೆಯೇ ನಡೆಯಿತು. ಆಮೇಲೆ ಒಡೆಯರು ತೀರಿಕೊಂಡರು, ಮನೆಯೂ ಮಾರಿಹೋಯಿತು...

ಇವತ್ತು ನಮ್ಮ ಚಪ್ಪರದಲ್ಲಿ ಪಂಕ್ತಿ ಮೇಲೆ ಪಂಕ್ತಿ ಊಟ. ಯಾರ ಪಕ್ಕ ಯಾರು ಕೂತರೆಂದು ನೋಡುವವರಿಲ್ಲ. ಒಡೆಯರನ್ನೂ ಒಮ್ಮೆ ಉಣ್ಣಲು ಕರೆಯಬೇಕೆಂದು ಅತ್ತೆಗೆ ಬಹಳ ಆಸೆಯಿತ್ತು. ಕರೆಯುವ ಧೈರ್ಯ ನಮಗೆ ಬರುವುದರೊಳಗೆ ಅವರಿರಲಿಲ್ಲ.